ಹೊಟ್ಟೆ ಇದ್ದಲ್ಲಿ ಮುಖ

ಅವರು ಬಂದದ್ದು ಬೇಸಿಗೆ ಶುರುವಾಗಿ ಹತ್ತು ಹನ್ನೆರಡು ದಿನ ಕಳೆದ ಮೇಲೆ, ಒಂದು ಬುಧವಾರ, ಬೆಳಿಗ್ಗೆ ಹನ್ನೊಂದರ ಹೊತ್ತಿಗೆ. ಆ ಹೊತ್ತಿಗೆ ನಮ್ಮ ಮುಂದಿನ ಕೋಣೆಯ ಬಾಗಿಲಿನಿಂದ ಬಿಸಿಲು ನೇರವಾಗಿ ಹೊಲಿಗೆ ಮೆಷಿನ್ನಿನ ಮೇಲೆ ಬೀಳುತ್ತದೆ. ಸೂಜಿಗೆ ದಾರ ಪೋಣಿಸುವ ಕೆಲಸವನ್ನೆಲ್ಲ ನಾನು ಆ ಅರ್ಧ ಗಂಟೆಗೆಂದೇ ಇಟ್ಟುಕೊಂಡಿರುತ್ತೇನೆ. ಆರು ಸೂಜಿ ಮುಗಿಸಿ ಏಳನೆಯದನ್ನು ಕಣ್ಣಿನ ಹತ್ತಿರ ಹಿಡಿದಿದ್ದೆ. ಇದ್ದಕ್ಕಿದ್ದಂತೆ ಬಿಸಿಲು ಮಾಯವಾಯಿತು. ತಲೆ ಎತ್ತಿದರೆ ಬಾಗಿಲು ತುಂಬ ಉದ್ದನೆಯ ಒಬ್ಬ ಮನುಷ್ಯ, ಅವನ ಹಿಂದೆ ಹೆಗಲ ಮೇಲೆ ಕ್ಯಾಮೆರಾ ಹೊತ್ತ ಒಬ್ಬ ಹುಡುಗಿ.

"ದೊಡ್ಡಮ್ಮ ಅಂದ್ರೆ ನೀವೇನಾ?" ಎಂದ ಅವನು.

"ನೋಡಿದ್ರೆ ಗೊತ್ತಾಗಲ್ವಾ?" ಎಂದಳು ನನ್ನ ತಂಗಿ, ಒಳಗಿನಿಂದಲೇ.

ನಮ್ಮ ಬೀದಿಗೆಲ್ಲ ನಾನು ದೊಡ್ಡಮ್ಮ. ತಂಗಿಯ ಮಗಳು ಮಾತು ಕಲಿತಾಗ ಕರೆದದ್ದು ಪಕ್ಕದ ಮನೆಗೆ ಹೋಯಿತು, ಅಲ್ಲಿಂದ ಬಸ್ ನಿಲ್ದಾಣದವರೆಗೂ ಹೋಯಿತು. ವಯಸ್ಸಿಗೆ ಕರೆಯುತ್ತಾರೋ ಗಾತ್ರಕ್ಕೆ ಕರೆಯುತ್ತಾರೋ ನಾನು ಯಾರನ್ನೂ ಕೇಳಿಲ್ಲ. ಕೇಳಿದರೆ ಪಾಪ, ಅವರು ಸುಳ್ಳು ಹೇಳಬೇಕಾಗುತ್ತದೆ. ತಂಗಿ ನನಗಿಂತ ಆರು ವರ್ಷಕ್ಕೆ ಚಿಕ್ಕವಳು. ಗಂಡ ಹೋದ ಮೇಲೆ ನನ್ನ ಜೊತೆಗೇ ಇದ್ದಾಳೆ. ನಾನು ಅಳತೆ ತೆಗೆದು ಹೊಲಿಯುವವಳು. ಬಟ್ಟೆ ಕತ್ತರಿಸುವುದು, ಕಾಜಾ ಮಾಡುವುದು, ಗುಂಡಿ ಹಾಕುವುದು ಅವಳ ಪಾಲು. ಸೂಜಿಯಷ್ಟು ತೆಳ್ಳಗೆ ಇದ್ದಾಳೆ. ನಾಲಿಗೆಯೂ ಅದೇ ಅಳತೆಯದು.

ಬಂದವನು ನಿರ್ದೇಶಕ. ಆಸ್ಪತ್ರೆಯ ನರ್ಸಮ್ಮ ನನ್ನ ವಿಳಾಸ ಕೊಟ್ಟಿದ್ದಳಂತೆ. ಕುರ್ಚಿಯ ತುದಿಯಲ್ಲಿ ಕೂತು, ಎರಡೂ ಕೈ ಜೋಡಿಸಿಕೊಂಡು, ಸಾವಿನ ಮನೆಗೆ ಬಂದವರ ದನಿಯಲ್ಲಿ ಶುರುಮಾಡಿದ.

"ನಾವು ಒಂದು ಸಾಕ್ಷ್ಯಚಿತ್ರ ಮಾಡ್ತಿದೀವಿ ಅಮ್ಮ. 'ಸ್ಥೂಲಕಾಯದ ಜೊತೆ ಬದುಕು' ಅಂತ."

"ಅದ್ಯಾವ ಕಾಯಿ?" ಎಂದಳು ತಂಗಿ.

"ಕಾಯಿ ಅಲ್ಲಮ್ಮ, ಕಾಯ. ಅಂದ್ರೆ ಮೈ. ಸ್ವಲ್ಪ ದಪ್ಪ ಇರೋರ ವಿಷಯ."

"ಸ್ವಲ್ಪ ದಪ್ಪ ಬೇಕಾದ್ರೆ ಎದುರು ಮನೆಗೆ ಹೋಗಪ್ಪ. ನಮ್ಮದು ಪೂರ್ತಿ."

ಅವನ ಕಿವಿ ಕೆಂಪಾಯಿತು. ಕ್ಯಾಮೆರಾದ ಹುಡುಗಿ ತಟ್ಟನೆ ಗೋಡೆ ಕಡೆ ತಿರುಗಿ ಏನೋ ತಿರುಪು ಬಿಗಿಮಾಡತೊಡಗಿದಳು. ಅವಳ ಭುಜ ಅಲ್ಲಾಡುತ್ತಿದ್ದುದನ್ನು ನಾನು ನೋಡಿದೆ. ಅಂಥ ಸೆಕೆಯಲ್ಲೂ ಅವಳು ಗಂಡಸರ ದಪ್ಪ ಕೋಟೊಂದನ್ನು ಕತ್ತಿನವರೆಗೂ ಗುಂಡಿ ಹಾಕಿ ತೊಟ್ಟಿದ್ದಳು. ಅದನ್ನೂ ನೋಡಿದೆ.

"ನೀವು ಅದರ ಜೊತೆ ದಿನಾ ಹೇಗೆ ಬದುಕ್ತೀರಿ, ಅದನ್ನ ತೋರಿಸ್ಬೇಕು ಅಂತ" ಎಂದ ನಿರ್ದೇಶಕ.

"ನಾನು ಬದುಕ್ತಿರೋದು ಇವಳ ಜೊತೆ ಕಣಪ್ಪ" ಎಂದು ತಂಗಿಯ ಕಡೆ ಕೈ ಮಾಡಿದೆ. "ಕಷ್ಟ ತೋರಿಸ್ಬೇಕು ಅಂದ್ರೆ ಇವಳನ್ನ ತೋರಿಸಿ."

ಆಮೇಲೆ ನಾನು ಒಂದು ಷರತ್ತು ಹಾಕಿದೆ. ಅದನ್ನು ಯಾಕೆ ಹಾಕಿದೆ ಎನ್ನುವುದಕ್ಕೆ ಹನ್ನೆರಡು ವರ್ಷ ಹಿಂದಕ್ಕೆ ಹೋಗಬೇಕು.

ಆಗ ಒಂದು ಸಂಜೆ ನಾವಿಬ್ಬರೂ ಟೀವಿ ಮುಂದೆ ಬ್ರೆಡ್ಡು ತಿನ್ನುತ್ತ ಕೂತಿದ್ದೆವು. ವಾರ್ತೆಯಲ್ಲಿ ಯಾರೋ ಡಾಕ್ಟರು ಬೊಜ್ಜಿನಿಂದ ಬರುವ ಕಾಯಿಲೆಗಳನ್ನು ಒಂದೊಂದಾಗಿ ಹೇಳುತ್ತಿದ್ದರು. ಹೇಳುತ್ತಿರುವಾಗಲೇ ಪರದೆಯ ಮೇಲೆ ಒಂದು ಹೊಟ್ಟೆ ನಡೆದುಕೊಂಡು ಹೋಯಿತು. ಬರೀ ಹೊಟ್ಟೆ. ಮೇಲೆ ಕುತ್ತಿಗೆಯವರೆಗೆ, ಕೆಳಗೆ ಮಂಡಿಯವರೆಗೆ, ಕೈಯಲ್ಲಿ ಈರುಳ್ಳಿ ಚೀಲ. ಹಸಿರು ಗೌನು, ಜೇಬಿನ ಅಂಚಿಗೆ ನೀಲಿ ಪಟ್ಟಿ. ಆ ಪಟ್ಟಿ ನನಗೆ ಗೊತ್ತಿತ್ತು. ಹಸಿರು ಬಟ್ಟೆ ಸಾಲದೆ ನಾನೇ ಹಾಕಿದ ನೀಲಿ ಅದು.

"ಅಕ್ಕಾ, ಇದು..." ಎಂದು ಬಾಯಿ ತೆರೆದ ತಂಗಿ ಹಾಗೇ ಮುಚ್ಚಿದಳು. ಅವಳ ಜನ್ಮದಲ್ಲಿ ಮಾತು ಅರ್ಧಕ್ಕೆ ನಿಂತದ್ದು ಅದೊಂದೇ ಸಲ.

ಮರುದಿನ ಬೀದಿಯಲ್ಲಿ ಎಲ್ಲರೂ ಖುಷಿಯಿಂದ ಹೇಳಿದರು, "ದೊಡ್ಡಮ್ಮ, ಟೀವಿಲಿ ಬಂದಿದ್ರಿ!" ಎಂದು. "ಮುಖ ಇರ್ಲಿಲ್ವಲ್ಲ, ಹೇಗೆ ಗೊತ್ತಾಯ್ತು?" ಎಂದು ಕೇಳಿದರೆ ಒಬ್ಬೊಬ್ಬರಿಗೂ ಒಂದೊಂದು ಅರ್ಜೆಂಟು ಕೆಲಸ ನೆನಪಾಗುತ್ತಿತ್ತು. ಹೊಟ್ಟೆ ತೋರಿಸಿದ್ದಕ್ಕೆ ನನಗೆ ಬೇಜಾರಿರಲಿಲ್ಲ. ಅದನ್ನು ನಾನೇ ದಿನಾ ಬೀದಿಗೆಲ್ಲ ತೋರಿಸಿಕೊಂಡು ಓಡಾಡುತ್ತೇನೆ. ಮೀನಿನಂಗಡಿಯಲ್ಲಿ ತೆಗೆದ ಹಾಗೆ ತಲೆ ತೆಗೆದಿದ್ದರಲ್ಲ, ನನ್ನನ್ನು ಒಂದು ಮಾತು ಕೇಳದೆ, ಅದು. ಆ ಗೌನನ್ನು ಬಿಚ್ಚಿ ಮೆಷಿನ್ನಿಗೆ ಹೊದಿಕೆ ಮಾಡಿದೆ. ಏಳು ತಿಂಗಳು ಮಾರುಕಟ್ಟೆಗೆ ತಂಗಿಯೇ ಹೋದಳು. ಹೋಗಿ ಪ್ರತಿ ಸಲ ಕೊಳೆತ ಈರುಳ್ಳಿಯನ್ನೇ ತಂದಳು.

ಅದಕ್ಕೇ ನಿರ್ದೇಶಕನಿಗೆ ಹೇಳಿದೆ: "ನನ್ನ ಹೊಟ್ಟೆ ಎಷ್ಟು ಬೇಕಾದ್ರೂ ತೋರಿಸ್ಕೋ. ಆದ್ರೆ ಹೊಟ್ಟೆ ಇದ್ದಲ್ಲೆಲ್ಲ ಮುಖ ಇರ್ಬೇಕು. ಮುಖ ಬಿಟ್ಟು ಹೊಟ್ಟೆ ಇಲ್ಲ."

"ಖಂಡಿತ ಅಮ್ಮ, ಖಂಡಿತ" ಎಂದ.

ಇಷ್ಟು ಬೇಗ ಒಪ್ಪುವ ಗಿರಾಕಿಯನ್ನು ನಾನು ನಂಬುವುದಿಲ್ಲ. ಟ್ರಯಲ್ ದಿನ ಜಗಳ ತೆಗೆಯುವವನು ಅವನೇ.

ಮೊದಲ ದಿನವೇ ಒಂದು ಅನಾಹುತವಾಯಿತು. ತಂಗಿ ಮೇಜಿನ ಮೇಲೆ ಬಸ್ ಡ್ರೈವರನ ಪ್ಯಾಂಟಿನ ಬಟ್ಟೆ ಹರಡಿಕೊಂಡು, ಕತ್ತರಿ ಬಾಯಿ ತೆರೆದು ನಿಂತಿದ್ದಳು. ನಲವತ್ತು ವರ್ಷದಿಂದ ನಾನು ಸೀಮೆಸುಣ್ಣದ ಗೆರೆ ಎಳೆದು "ಹ್ಞೂ, ಕಟ್" ಎನ್ನುತ್ತೇನೆ, ಅವಳು ಕತ್ತರಿಸುತ್ತಾಳೆ. ನಡುವೆ ಬೇರೆ ಮಾತಿಲ್ಲ. ಆ ದಿನ ಗೆರೆ ಇನ್ನೂ ಮಂಡಿಯ ಹತ್ತಿರ ಇತ್ತು. ಹಿಂದಿನಿಂದ ನಿರ್ದೇಶಕ ಗಟ್ಟಿಯಾಗಿ "ಕಟ್!" ಎಂದ. ಕರ್ರ್ ಎಂದಿತು ಕತ್ತರಿ.

"ಅಯ್ಯೋ, ಕ್ಯಾಮೆರಾಗೆ ಹೇಳಿದ್ದು ನಾನು!" ಎಂದು ಅವನು ತಲೆ ಮೇಲೆ ಕೈ ಹೊತ್ತ.

"ಕತ್ತರಿ ಇರೋದು ನನ್ನ ಕೈಲಿ. ಇನ್ಯಾರಿಗೆ ಹೇಳ್ತಾರೆ ಅಂತ ತಿಳ್ಕೊಳ್ಲಿ?" ಎಂದು ತಂಗಿ ಅವನನ್ನೇ ಬೈದಳು.

ಡ್ರೈವರು ಬಂದು ನೋಡಿ, "ದೊಡ್ಡಮ್ಮ, ಇದು ಬೇಸಿಗೆಯ ಪ್ಯಾಂಟಾ?" ಎಂದ. ಅಂದಿನಿಂದ ನಿರ್ದೇಶಕ "ಕಟ್" ಎನ್ನುವ ಕಡೆ "ಸಾಕು" ಎನ್ನಬೇಕೆಂದು ತಂಗಿ ಕಾಯಿದೆ ಮಾಡಿದಳು.

ಎರಡನೇ ದಿನ ಗಾಜಿನ ತೂಕದ ಯಂತ್ರ ಒಂದನ್ನು ತಂದ. ಅವನಿಗೆ ನನ್ನ ಅಂಕಿ ಬೇಕಂತೆ. ಅಂಕಿಗಳಿಗೂ ನನಗೂ ಅಷ್ಟಕ್ಕಷ್ಟೆ. ಎರಡನೇ ತರಗತಿಯ ನಡುವೆ ಶಾಲೆ ಬಿಟ್ಟವಳು ನಾನು. ಟೇಪು ಹಿಡಿದು ಅಳೆಯುವುದು ನನಗೆ ಬರಲಿಲ್ಲ, ಹಾಗಾಗಿ ಮೊದಲಿನಿಂದಲೂ ದಾರ. ಒಬ್ಬೊಬ್ಬ ಗಿರಾಕಿಗೆ ಒಂದೊಂದು ದಾರ. ಕತ್ತಿಗೆ ಒಂದು ಗಂಟು, ಎದೆಗೆ ಎರಡು, ಸೊಂಟಕ್ಕೆ ಮೂರು, ತುದಿಯಲ್ಲಿ ಅವರದೇ ಅಂಗಿಯ ಒಂದು ಗುಂಡಿ. ಗೋಡೆ ತುಂಬ ಮೊಳೆ, ಮೊಳೆ ತುಂಬ ದಾರ. ಯಾವ ಗುಂಡಿ ಯಾರದೆಂದು ನನಗೆ ಗೊತ್ತು. ನನ್ನ ಹತ್ತಿರ ಬರುವವರು ಹೆಚ್ಚಿನವರು ಅಂಗಡಿಯ ರೆಡಿಮೇಡು ಹಿಡಿಸದವರು. ಅವರ ಅಂಕಿಯನ್ನು ಜೋರಾಗಿ ಕೂಗಿ ಹೇಳುವವರು ಇಲ್ಲಿ ಯಾರೂ ಇಲ್ಲ ಎನ್ನುವ ಒಂದೇ ಕಾರಣಕ್ಕೆ ಊರಾಚೆಯಿಂದಲೂ ಬರುತ್ತಾರೆ.

"ಒಟ್ಟು ಎಷ್ಟು ಕೇಜಿ ಅಮ್ಮ ನೀವು?" ಎಂದ ನಿರ್ದೇಶಕ.

ಗೋಡೆಯಲ್ಲಿದ್ದ ನನ್ನದೇ ದಾರ ತೋರಿಸಿದೆ. "ಗಂಟಿಗೆ ಕೇಜಿ ಗೊತ್ತಿಲ್ಲಪ್ಪ."

ಕೊನೆಗೆ, ಹಾಳಾಗಿಹೋಗಲಿ ಎಂದು, ಮೇಜು ಹಿಡಿದುಕೊಂಡು ಯಂತ್ರದ ಮೇಲೆ ಹತ್ತಿದೆ. ಅದು ಎರಡು ಸಲ ಮಿಣುಕಿ, ಒಂದು ಇಂಗ್ಲಿಷ್ ಅಕ್ಷರ ತೋರಿಸಿ ಸುಮ್ಮನಾಯಿತು.

"ಏನಂತೆ ಅದು?" ಎಂದಳು ತಂಗಿ.

"ಇ ಅಂತ ಬಂದಿದೆ" ಎಂದಳು ಕ್ಯಾಮೆರಾದ ಹುಡುಗಿ.

"ಇ ಅಂದ್ರೆ ಇಳಿ ಅಂತ ಕಣೇ ಅಕ್ಕಾ. ಇಳಿ, ಅದರ ಜೀವ ಹೋಗುತ್ತೆ."

ಹುಡುಗಿ ನಕ್ಕ ನಗುವಿಗೆ ಕ್ಯಾಮೆರಾ ಅಲ್ಲಾಡಿ ಆ ದೃಶ್ಯವೇ ಕೆಟ್ಟುಹೋಯಿತಂತೆ.

ಹೀಗೇ ದಿನ ಹೋಯಿತು. ನಾನು ಆಸ್ಪತ್ರೆಯ ಮೆಟ್ಟಿಲು ಹತ್ತುವುದನ್ನು ತೆಗೆದರು. ಇಪ್ಪತ್ತೆರಡು ಮೆಟ್ಟಿಲಿಗೆ ನಾನು ಮೂರು ಸಲ ನಿಲ್ಲುತ್ತೇನೆ, ಮಂಡಿ ಎರಡೂ ಸುಟ್ಟ ಹಾಗಾಗುತ್ತವೆ. ಅದನ್ನು ಮುಚ್ಚಿಡಲಿಲ್ಲ. ಕಿವಿ ನೋವೆಂದು ಹೋದರೂ ಡಾಕ್ಟರು ತೂಕ ಇಳಿಸಿ ಎನ್ನುತ್ತಾರೆ ಎನ್ನುವುದನ್ನೂ ಹೇಳಿದೆ. ಕೈ ಇರುವ ಕುರ್ಚಿಯಲ್ಲಿ ಕೂತರೆ ಏಳುವಾಗ ಕುರ್ಚಿಯೂ ಜೊತೆಗೆ ಬರುತ್ತದೆ, ಅದಕ್ಕೇ ಬಡಗಿ ನನಗೆ ಬೆಂಚು ಮಾಡಿಕೊಟ್ಟ ಎಂದು ತೋರಿಸಿದೆ. ಎಲ್ಲ ಸರಿಯಾಗಿಯೇ ಇತ್ತು, ಒಂದು ಮಾತು ಬಿಟ್ಟು. ನಾನು ಮಾತಾಡುತ್ತಿರುವಾಗ ನಿರ್ದೇಶಕ ಆಗಾಗ ಮೆಲ್ಲಗೆ ಹುಡುಗಿಗೆ "ಟೈಟ್, ಟೈಟ್" ಎನ್ನುತ್ತಿದ್ದ.

ಮೊದಲ ಸಲ ನನಗೆ ಅವಮಾನವಾಯಿತು. "ನೋಡಪ್ಪ, ಐವತ್ತು ವರ್ಷದಲ್ಲಿ ನಾನು ಹೊಲಿದದ್ದು ಯಾರಿಗೂ ಟೈಟ್ ಆಗಿಲ್ಲ. ಈ ಗೌನಿನ ಒಳಗೆ ಇನ್ನೊಬ್ಬರು ಬೇಕಾದ್ರೆ ಕೂರ್ಬಹುದು" ಎಂದೆ.

"ಇಲ್ಲ ದೊಡ್ಡಮ್ಮ, ಅದು ನಮ್ಮ ಕಸುಬಿನ ಮಾತು. ನಿಮಗಲ್ಲ" ಎಂದು ನಕ್ಕ.

ನನಗಲ್ಲದ ಮಾತನ್ನು ನನ್ನನ್ನೇ ನೋಡುತ್ತ ಯಾಕೆ ಹೇಳುತ್ತಾನೆ? ನಾನು ಏನೂ ಕೇಳಲಿಲ್ಲ. ಕಾದೆ. ಐದನೇ ದಿನ ಅವನು ಫೋನಿನಲ್ಲಿ ಮಾತಾಡಲು ಬೀದಿಗೆ ಹೋದಾಗ ಹುಡುಗಿಗೆ ಟೀ ಕೊಟ್ಟು, ಪಕ್ಕದಲ್ಲಿ ಕೂರಿಸಿಕೊಂಡು, "ಟೈಟ್ ಅಂದ್ರೆ ನಿಮ್ಮಲ್ಲಿ ಏನು ತಾಯಿ?" ಎಂದೆ.

ಅವಳು ಟೀ ಲೋಟದೊಳಗೆ ನೋಡಿದಳು. "ಹತ್ತಿರದಿಂದ ತೆಗೆಯೋದು ದೊಡ್ಡಮ್ಮ."

"ಹತ್ತಿರದಿಂದ ಏನನ್ನ?"

ಲೋಟವನ್ನು ಕೈಯಲ್ಲೇ ತಿರುಗಿಸತೊಡಗಿದಳು. ನಾನು ಕಾದೆ. ಕಾಯುವುದರಲ್ಲಿ ನನ್ನನ್ನು ಗೆದ್ದವರಿಲ್ಲ.

"ಹೊಟ್ಟೆ" ಎಂದಳು ಕೊನೆಗೆ. "ಬರೀ ಹೊಟ್ಟೆ. ಮೇಲೆ ಅವರ ದನಿ ಬರುತ್ತಂತೆ."

ಹಸಿರು ಗೌನು ಅಲ್ಲೇ ಮೆಷಿನ್ನಿನ ಮೇಲಿತ್ತು. ನಾನು ಅದನ್ನೇ ನೋಡಿದೆ. ತಂಗಿ ನನ್ನನ್ನು ನೋಡಿದಳು. "ಅಕ್ಕಾ, ಅವನ್ನ ಓಡಿಸ್ಲಾ?" ಎಂದಳು, ಕತ್ತರಿಯನ್ನು ಕೈಗೆ ತೆಗೆದುಕೊಂಡೇ.

"ಬೇಡ. ಓಡಿಸಿದ್ರೆ ತೆಗೆದದ್ದನ್ನೂ ಜೊತೆಗೆ ತಗೊಂಡು ಓಡ್ತಾನೆ."

ಮಾರನೆಯ ದಿನದಿಂದ ನಮ್ಮ ಆಟ ಶುರುವಾಯಿತು. ಅವನು "ಟೈಟ್" ಎಂದನೋ, ನನ್ನ ಕೈಯಿಂದ ಗುಂಡುಪಿನ್ನು ಮಡಿಲಿಗೆ ಬೀಳುತ್ತಿತ್ತು. ಹುಡುಕಬೇಕಲ್ಲ, ಪಿನ್ನು ಚುಚ್ಚುವ ವಸ್ತು. ಗಲ್ಲ ಎದೆಗೆ ತಾಗುವ ಹಾಗೆ ಬಗ್ಗಿ, ಕ್ಯಾಮೆರಾದ ಕಡೆ ಹಲ್ಲು ಬಿಟ್ಟು ಹುಡುಕುತ್ತಿದ್ದೆ. ಪಿನ್ನು ಬೇಸರವಾದಾಗ ತಂಗಿ ಕೈಗನ್ನಡಿಯೊಂದನ್ನು ನನ್ನ ಮಡಿಲಲ್ಲಿ ಓರೆಯಾಗಿ ಇಟ್ಟು ಹೋಗುತ್ತಿದ್ದಳು. ಹೊಟ್ಟೆಗೆಂದು ಬಂದ ಕ್ಯಾಮೆರಾಕ್ಕೆ ಕನ್ನಡಿಯೊಳಗಿನಿಂದ ನನ್ನ ಮುಖ ಸಿಗುತ್ತಿತ್ತು.

"ದೊಡ್ಡಮ್ಮ, ಆ ಕನ್ನಡಿ ತೆಗೀತೀರಾ?"

"ಮಡಿಲಲ್ಲಿ ಏನಿದೆ ಅಂತ ನನಗೆ ಹಾಗೆ ಕಾಣಲ್ಲಪ್ಪ. ಮಧ್ಯ ಬೆಟ್ಟ ಅಡ್ಡ ಇದೆ."

ಅವನಿಗೆ ಅನುಮಾನ ಬಂತೋ ಇಲ್ಲವೋ ತಿಳಿಯದು. ಹುಡುಗಿಗಂತೂ ಎಲ್ಲ ಗೊತ್ತಿತ್ತು. ಕಣ್ಣನ್ನು ಕ್ಯಾಮೆರಾಕ್ಕೆ ಒತ್ತಿ ಹಿಡಿದು, ತುಟಿ ಕಚ್ಚಿಕೊಂಡು ನಿಂತಿರುತ್ತಿದ್ದಳು. ಆದರೂ ನನಗೆ ಸಮಾಧಾನವಿರಲಿಲ್ಲ. ಮೊದಲ ಐದು ದಿನದ ಹೊಟ್ಟೆಗಳು ಅವನ ಪೆಟ್ಟಿಗೆಯಲ್ಲಿ ತಲೆಯಿಲ್ಲದೆ ಬಿದ್ದಿದ್ದವು.

ಒಂಬತ್ತನೇ ದಿನ, ಗುರುವಾರ, ಅವನು ತುಂಬ ಮೆತ್ತಗೆ ಮಾತಾಡುತ್ತ ಬಂದ. ಚಿತ್ರಕ್ಕೆ ಏನೋ ಕಮ್ಮಿಯಾಗಿದೆಯಂತೆ; ನಾನು ಬರೀ ತಮಾಷೆ ಮಾಡುತ್ತೇನಂತೆ; ನೋಡುವವರ ಎದೆ ಕರಗಬೇಕಂತೆ. ತಂಗಿ ಪಕ್ಕದಲ್ಲಿ ನನ್ನ ಬದಲು ಮೆಷಿನ್ನು ತುಳಿಯುತ್ತಿದ್ದಳು, ಗಡಗಡ ಸದ್ದು. ನಾನು ಬೆಂಚಿನ ಮೇಲೆ ಕೂತಿದ್ದೆ. ಹುಡುಗಿ ನನ್ನ ಮುಖದ ಎತ್ತರಕ್ಕೇ ಕ್ಯಾಮೆರಾ ಇಟ್ಟಿದ್ದಳು.

ನಿರ್ದೇಶಕ ನನ್ನ ಹತ್ತಿರ ಬಂದು ನಿಂತು, ತಗ್ಗಿದ ದನಿಯಲ್ಲಿ, "ದೊಡ್ಡಮ್ಮ, ಒಂದೇ ಒಂದ್ಸಲ... ಅಳ್ತೀರಾ?" ಎಂದ.

ನನಗೆ ಅಳತೆ ಎಂದು ಕೇಳಿಸಿತು. ನಿಜವಾಗಿಯೂ ಹಾಗೇ ಕೇಳಿಸಿತೇ ಎಂದು ತಂಗಿ ಇವತ್ತಿಗೂ ಕೇಳುತ್ತಾಳೆ. ನಾನು ಹೇಳಿಲ್ಲ.

"ಅಳ್ತೆನಾ? ಅದಕ್ಯಾಕೆ ಇಷ್ಟು ಸಂಕೋಚ? ಬಾ ಇಲ್ಲಿ" ಎಂದು ಉಂಡೆಯಿಂದ ದಾರ ಎಳೆದು ಅವನ ಸೊಂಟಕ್ಕೆ ಸುತ್ತಿದೆ.

"ಅಯ್ಯೋ ಅದಲ್ಲ ದೊಡ್ಡಮ್ಮ..."

"ಅಲ್ಲಾಡ್ಬೇಡ. ಗಂಟು ತಪ್ಪುತ್ತೆ."

ದಾರ ತಾಗಿದ್ದೇ ತಡ, ಅವನು ಹೊಟ್ಟೆ ಒಳಗೆಳೆದುಕೊಂಡ. ಎಲ್ಲರೂ ಎಳೆದುಕೊಳ್ಳುತ್ತಾರೆ. ಐವತ್ತು ವರ್ಷದಲ್ಲಿ ಅಳತೆಯ ದಾರಕ್ಕೆ ಸುಳ್ಳು ಹೇಳದ ಒಂದು ಹೊಟ್ಟೆಯನ್ನೂ ನಾನು ಕಂಡಿಲ್ಲ. ಬಿಡು ಎಂದರೆ ಬಿಡುವುದಿಲ್ಲ, ಇನ್ನೂ ಒಳಗೆಳೆಯುತ್ತಾರೆ. ಅದಕ್ಕೆ ನನ್ನದೊಂದು ಉಪಾಯವಿದೆ. ದಾರವನ್ನು ಸಡಿಲವಾಗಿ ಹಿಡಿದು, ಎಲ್ಲರಿಗೂ ಒಂದೇ ಪ್ರಶ್ನೆ ಕೇಳುತ್ತೇನೆ. ಉತ್ತರ ಹೇಳಬೇಕಾದರೆ ಉಸಿರು ಬಿಡಲೇಬೇಕು. ಆಗ ಗಂಟು ಹಾಕುತ್ತೇನೆ.

"ಚಿಕ್ಕೋನಿದ್ದಾಗ ನಿನ್ನ ಏನಂತ ಕರೀತಿದ್ರು?" ಎಂದೆ.

ಅವನು ಉಸಿರು ಬಿಗಿಹಿಡಿದೇ ನಿಂತ. ಮುಖ ಕೆಂಪಾಗಿ ಆಮೇಲೆ ಇನ್ನಷ್ಟು ಕೆಂಪಾಯಿತು. ನಾನು ಕಾದೆ. ತಂಗಿಯ ಮೆಷಿನ್ನೂ ನಿಂತಿತು.

"ಡ್ರಮ್ಮು" ಎಂದ.

ಆ ಮಾತಿನ ಜೊತೆಗೆ ಅವನ ಹೊಟ್ಟೆ ಈಚೆಗೆ ಬಂತು. ದೊಡ್ಡದೇನಲ್ಲ, ಸಣ್ಣ ದಿಂಬಿನಷ್ಟು. ಸಡಿಲ ಅಂಗಿಯ ಒಳಗೆ ಇಷ್ಟು ದಿನ ಚೆನ್ನಾಗಿ ಅಡಗಿಸಿಟ್ಟಿದ್ದ. ನಾನು ಗಂಟು ಹಾಕಿದೆ.

"ಹನ್ನೊಂದು ವರ್ಷದವರೆಗೂ ಹಾಗೇ ಕರೀತಿದ್ರು" ಎಂದ. "ಬೆಂಚಿನ ಮೇಲೆ ಕೂತ್ರೆ ಹಿಂದಿನವರು ಬೆನ್ನ ಮೇಲೆ ಬಾರಿಸೋರು. ತಾಳ ಹಾಕೋರು." ಆಮೇಲೆ ಕಣ್ಣು ಒರೆಸಿಕೊಂಡು, "ಬಟ್ಟೆ ಧೂಳು ಜಾಸ್ತಿ ಇಲ್ಲಿ" ಎಂದ.

"ಹೌದು, ಜಾಸ್ತಿ" ಎಂದೆ ನಾನು.

"ಅಳು ಬೇಕು ಅಂತಿದ್ರಲ್ಲ, ಸಿಕ್ತಲ್ಲ" ಎಂದಳು ತಂಗಿ.

ಆಗಲೇ ಅವನಿಗೆ ಎಚ್ಚರವಾದದ್ದು. ಹುಡುಗಿಯ ಕಡೆ ತಿರುಗಿ, "ನೀನು ತೆಗೀತಾ ಇದ್ಯಾ?" ಎಂದ.

"ನೀವು ಸಾಕು ಅನ್ನಲಿಲ್ಲ ಸರ್."

ಹಾರಿಹೋಗಿ ಕ್ಯಾಮೆರಾದ ಸಣ್ಣ ಪರದೆಯಲ್ಲಿ ನೋಡಿದ. ನಾವೂ ಹೋಗಿ ಅವನ ಎರಡು ಕಡೆಯಿಂದ ಬಗ್ಗಿ ನೋಡಿದೆವು. ಅದರಲ್ಲಿ ನನ್ನ ಮುಖ ಪೂರ್ತಿಯಾಗಿ, ಬೆಳಕು ಬಿದ್ದು, ಒಂದೊಂದು ಸುಕ್ಕೂ ಕಾಣುವ ಹಾಗಿತ್ತು. ಪಕ್ಕದಲ್ಲಿ ಒಂದು ಹೊಟ್ಟೆ. ದಾರ ಸುತ್ತಿದ ಸಣ್ಣ ಹೊಟ್ಟೆ, ಒಳಗೆ ಹೋಗಿ, ನಿಂತು, ಆಮೇಲೆ ಮೆಲ್ಲಗೆ ಈಚೆ ಬರುವ ಹೊಟ್ಟೆ. ಅದರ ಮೇಲೆ ಕತ್ತಿಲ್ಲ, ತಲೆಯಿಲ್ಲ.

"ನನ್ನ ತಲೆ ಎಲ್ಲಿ?" ಎಂದ ನಿರ್ದೇಶಕ.

"ಬೆಳಿಗ್ಗೆ ಟೈಟ್ ಇಟ್ಕೋ ಅಂದಿದ್ರಿ ಸರ್" ಎಂದಳು ಹುಡುಗಿ.

ತಂಗಿ ಹೊಟ್ಟೆ ಹಿಡಿದುಕೊಂಡು ನೆಲದ ಮೇಲೆ ಕೂತಳು. ನನಗೆ ಮಾತ್ರ ನಗು ಬರಲಿಲ್ಲ. ಒಳಗೆ ಹೋಗಿ ಮೆಷಿನ್ನಿನ ಹಸಿರು ಹೊದಿಕೆ ತಂದು ಅವನ ಕೈಗೆ ಕೊಟ್ಟೆ. ಈರುಳ್ಳಿ ಚೀಲದಿಂದ ಹಿಡಿದು ಏಳು ತಿಂಗಳವರೆಗೂ ಎಲ್ಲ ಹೇಳಿದೆ. ನೀಲಿ ಪಟ್ಟಿ ತೋರಿಸಿದೆ. ಅವನು ಅದರ ಮೇಲೆ ಬೆರಳಾಡಿಸುತ್ತ ಕೂತ.

"ಹೊಟ್ಟೆಗೆ ಹಾಕ್ಕೊಳ್ಳಿ ದೊಡ್ಡಮ್ಮ" ಎಂದ ಕೊನೆಗೆ.

"ಎಲ್ಲರದ್ದೂ ಹಾಕ್ಕೊಂಡು ಹಾಕ್ಕೊಂಡೇ ನಮ್ಮಕ್ಕ ಹೀಗಾಗಿರೋದು" ಎಂದಳು ತಂಗಿ.

ಅವನು ಒಳ್ಳೆಯವನೇ. ಆದರೆ ಒಳ್ಳೆಯವರು ಇಲ್ಲಿ ಒಂದು ಹೇಳಿ, ಅಲ್ಲಿ ಹೋಗಿ ದೊಡ್ಡವರ ಮುಂದೆ ಕೂತಾಗ ಇನ್ನೊಂದು ಮಾಡುವುದನ್ನು ನಾನು ಬಹಳ ನೋಡಿದ್ದೇನೆ. ಅಳತೆ ಹೇಗೂ ತೆಗೆದಾಗಿತ್ತು. ಚಿತ್ರ ತೋರಿಸುವ ದಿನ ಹಾಕಿಕೊಳ್ಳಲು ಒಂದು ಪ್ಯಾಂಟು ಹೊಲಿದುಕೊಡಿ ಎಂದು ಅವನೇ ಕೇಳಿದ. ಬೂದು ಬಣ್ಣದ ಒಳ್ಳೆ ಬಟ್ಟೆ. ಶನಿವಾರ ಹೊರಡುವಾಗ ಇಸ್ತ್ರಿ ಮಾಡಿ ಕೊಟ್ಟೆ. ಹಾಕಿಕೊಂಡು ಕನ್ನಡಿ ಮುಂದೆ ತಿರುಗಿ ತಿರುಗಿ ನೋಡಿಕೊಂಡ. ಬೆಲ್ಟಿಲ್ಲದೆ ನಿಲ್ಲುವ ಪ್ಯಾಂಟನ್ನು ಜೀವನದಲ್ಲೇ ಹಾಕಿರಲಿಲ್ಲವಂತೆ.

"ಒಂದು ಮಾತು" ಎಂದೆ. "ಹಾಕಿರೋದು ಕಚ್ಚಾ ಹೊಲಿಗೆ. ನಿಂತ್ಕೊಳ್ಳೋಕೆ ತೊಂದ್ರೆ ಇಲ್ಲ. ಕೂತ್ರೆ ನನ್ನ ಕೇಳ್ಬೇಡ."

"ಪಕ್ಕಾ ಮಾಡ್ಕೊಡಿ ಮತ್ತೆ."

"ನಿನ್ನ ಚಿತ್ರ ಪಕ್ಕಾ ಆಯ್ತಾ?"

"ಎಲ್ಲಿ? ಇನ್ನೂ ಜೋಡಿಸ್ಬೇಕು. ಈಗ ಬರೀ ಕಚ್ಚಾ."

"ಹಾಗಾದ್ರೆ ಇದೂ ಕಚ್ಚಾ. ಅದನ್ನ ಪಕ್ಕಾ ಮಾಡ್ಕೊಂಡು ನನಗೆ ತೋರಿಸೋಕೆ ಬಾ. ಬಂದ ದಿನ ಇದನ್ನೂ ಪಕ್ಕಾ ಮಾಡ್ತೀನಿ."

ತಮಾಷೆ ಎಂದುಕೊಂಡು ನಕ್ಕು ಹೋದ.

ಬೇಸಿಗೆ ಮುಗಿಯಿತು. ಮಳೆಯೂ ಬಂದು ಹೋಯಿತು. ಒಂದು ಮಧ್ಯಾಹ್ನ ಕ್ಯಾಮೆರಾದ ಹುಡುಗಿಯ ಫೋನು ಬಂತು. ನಗುವಿನಿಂದ ಅವಳಿಗೆ ಮಾತೇ ಹೊರಡುತ್ತಿರಲಿಲ್ಲ. ಚಿತ್ರಕ್ಕೆ ಬಂಡವಾಳ ಹಾಕಿದ ದೊಡ್ಡವರು ಐದಾರು ಮಂದಿ ಉದ್ದ ಮೇಜಿನ ಸುತ್ತ ಕೂತಿದ್ದರಂತೆ. ನಿರ್ದೇಶಕ ಬೂದು ಪ್ಯಾಂಟು ಹಾಕಿಕೊಂಡು ಹೋಗಿದ್ದನಂತೆ. ನಿಂತೇ ಎಲ್ಲ ವಿವರಿಸಿದನಂತೆ. ದೀಪ ಆರಿಸಿದರು, ಚಿತ್ರ ಶುರುವಾಯಿತು.

"ಶುರುವಿನಲ್ಲಿ ಏನಿತ್ತು?" ಎಂದೆ.

ಹುಡುಗಿಯ ನಗು ನಿಂತಿತು. "ಹೊಟ್ಟೆ ದೊಡ್ಡಮ್ಮ. ನಾಲ್ಕು ಹೊಟ್ಟೆ, ಒಂದಾದ ಮೇಲೊಂದು. ದೊಡ್ಡವರಿಗೆ ಹಾಗೇ ಇಷ್ಟ ಆಗುತ್ತೆ ಅಂತ ಇಟ್ಟಿದ್ರು."

"ಆಮೇಲೆ?"

"ಆಮೇಲೆ ಸರ್ ಕೂತ್ರು."

ಹೊಲಿಗೆ ಮುಂದಿನಿಂದ ಹಿಂದಿನವರೆಗೂ ಬಿಟ್ಟಿತಂತೆ. ದಾರ ಒಂದೊಂದಾಗಿ ಕಿತ್ತುಕೊಳ್ಳುವ ಸದ್ದು ಕತ್ತಲೆಯಲ್ಲಿ ಎಲ್ಲರಿಗೂ ಕೇಳಿಸಿತಂತೆ. ದೀಪ ಹಾಕಿದಾಗ ಅವನು ಏಳಲೇ ಇಲ್ಲ. ಕೊನೆಗೆ ಕಂಪ್ಯೂಟರನ್ನು ಹಿಂದಕ್ಕೆ ಹಿಡಿದು, ಗೋಡೆಗೆ ಬೆನ್ನು ಉಜ್ಜಿಕೊಂಡು, ಬಾಗಿಲವರೆಗೂ ಹಿಮ್ಮುಖವಾಗಿ ನಡೆದನಂತೆ.

"ಬೈದ್ನಾ?" ಎಂದು ತಂಗಿ ಫೋನು ಕಿತ್ತುಕೊಂಡಳು.

"ಇಲ್ಲ. ಲಿಫ್ಟಿನಲ್ಲಿ ನಿಂತು ಒಂದೇ ಮಾತು ಅಂದ್ರು: 'ಅವರು ಮೊದಲೇ ಹೇಳಿದ್ರು' ಅಂತ."

ಚಳಿ ಕಾಲಿಡುವ ಹೊತ್ತಿಗೆ, ಒಂದು ಸೋಮವಾರ, ಇಬ್ಬರೂ ಬಂದರು. ನಿರ್ದೇಶಕ ಹಳೆಯ ಪ್ಯಾಂಟು, ಬೆಲ್ಟು. ಬೂದು ಪ್ಯಾಂಟು ಕೈಚೀಲದಲ್ಲಿ. ಕಂಪ್ಯೂಟರನ್ನು ಮೆಷಿನ್ನಿನ ಮೇಲಿಟ್ಟು ಚಿತ್ರ ಹಾಕಿದ. ತಂಗಿ ಕನ್ನಡಕ ಏರಿಸಿ ಮುಂದೆ ಕೂತಳು. ಹೊಟ್ಟೆ ಬಂದಾಗಲೆಲ್ಲ ಕಾವಲುಗಾರನ ಹಾಗೆ ಗಟ್ಟಿಯಾಗಿ, "ಮುಖ ಇದೆ. ಮುಖ ಇದೆ. ಹ್ಞೂ, ಇಲ್ಲೂ ಇದೆ" ಎನ್ನುತ್ತಿದ್ದಳು. ಮೆಟ್ಟಿಲ ಮೇಲೆ ಏದುಸಿರು ಬಿಡುವ ನನ್ನ ಮುಖ, ಪ್ರತಿ ಮೆಟ್ಟಿಲಿಗೂ ಬೈಯುವ ನನ್ನ ಬಾಯಿ. ಪಿನ್ನು ಹುಡುಕುವ ಹಲ್ಲು. ಕನ್ನಡಿಯೊಳಗಿನ ಕಣ್ಣು. ನನ್ನ ಮುಖ ಇಷ್ಟು ದೊಡ್ಡದೆಂದು ನನಗೇ ಗೊತ್ತಿರಲಿಲ್ಲ. ಹೊಟ್ಟೆಗೆ ಸರಿಯಾದ ಜೋಡಿ.

ತಲೆಯಿಲ್ಲದ್ದು ಇಡೀ ಚಿತ್ರದಲ್ಲಿ ಒಂದೇ ಒಂದು ಇತ್ತು. ದಾರ ಸುತ್ತಿದ ಸಣ್ಣ ಹೊಟ್ಟೆ. ಅದು ಮೆಲ್ಲಗೆ ಈಚೆ ಬರುವಾಗ ಮೇಲಿನಿಂದ ದನಿ ಕೇಳಿಸುತ್ತದೆ: "ಡ್ರಮ್ಮು."

"ಇದು ಯಾರ ಹೊಟ್ಟೆ ಅಂತ ಜನಕ್ಕೆ ಗೊತ್ತಾಗಲ್ವಲ್ಲಪ್ಪ" ಎಂದೆ.

"ಗೊತ್ತಾಗುತ್ತೆ" ಎಂದ. "ಕೆಳಗೆ ಬರೆದಿದೀನಿ, ನಿರ್ದೇಶಕನದು ಅಂತ."

ನಾನು ಕೈ ಚಾಚಿದೆ. ಅವನು ಚೀಲದಿಂದ ಬೂದು ಪ್ಯಾಂಟು ತೆಗೆದು ಕೊಟ್ಟ. ಆ ಸಂಜೆಯೆಲ್ಲ ಕೂತು, ಜೋಡಿ ಹೊಲಿಗೆ ಹಾಕಿ, ಆಸನದ ಕಡೆ ಇನ್ನೊಂದು ಸಾಲು ಓಡಿಸಿ ಪಕ್ಕಾ ಮಾಡಿದೆ. ಮಂಗಳವಾರ ಬೆಳಿಗ್ಗೆ ಅದನ್ನು ಹಾಕಿಕೊಂಡು, ಅಂಗಿಯನ್ನು ಒಳಗೆ ಸೇರಿಸಿ, ಹೊಟ್ಟೆಯನ್ನು ಅದರ ಪಾಡಿಗೆ ಬಿಟ್ಟು ನಿಂತ. ತಂಗಿ ನಾಲ್ಕು ಸಲ ಕೂರಿಸಿ ಏಳಿಸಿ ನೋಡಿದಳು. ಆಮೇಲೆ ಬಸ್ಸು ಹಿಡಿಯಲು ಹೊರಟ.

ಹುಡುಗಿ ಅವನ ಜೊತೆ ಬಾಗಿಲವರೆಗೂ ಹೋದವಳು ಅಲ್ಲೇ ನಿಂತಳು. ಕೋಟಿನ ಮೇಲಿನ ಗುಂಡಿಯನ್ನು ತಿರುವುತ್ತ, "ದೊಡ್ಡಮ್ಮ, ನನಗೊಂದು ಅಂಗಿ..." ಎಂದಳು. ನಾನು ಉಂಡೆಯಿಂದ ದಾರ ಎಳೆದೆ. ಅವಳು ಉಸಿರು ಹಿಡಿದಳು. ಚಿಕ್ಕವಳಿದ್ದಾಗ ಏನೆಂದು ಕರೆಯುತ್ತಿದ್ದರೆಂದು ಕೇಳಿದೆ. ಹೇಳಲಿಲ್ಲ. ದಾರವನ್ನು ಮೊಳೆಗೆ ಹಾಕಿ, ತಂಗಿಯ ಮಗಳ ಹಳೆಯ ಕೋಣೆಯಲ್ಲಿ ಅವಳಿಗೆ ಹಾಸಿಗೆ ಹಾಕಿಕೊಟ್ಟೆ. ಬುಧವಾರವೂ ಹೇಳಲಿಲ್ಲ. ಅವಳು ಉಸಿರು ಬಿಟ್ಟದ್ದು ಗುರುವಾರ ಮಧ್ಯಾಹ್ನ. ಏನು ಹೇಳಿದಳೆನ್ನುವುದು ಅವಳದು. ಅಂಗಿ ಹೊಲಿಯಲು ಒಂದು ಸಂಜೆ ಸಾಕಾಯಿತು. ಕೋಟನ್ನು ಬೆಂಚಿನ ಮೇಲೆ ಬಿಟ್ಟು, ಶುಕ್ರವಾರ ಅವಳೂ ಹೋದಳು.